ಅನ್ನಿಕಾಗೊಬ್ಬ ಸೋದರತ್ತೆ

ಮುಷ್ಟಿ ಎತ್ತಿ ನಿಂತಿದ್ದ ಐವರು ಹೆಂಗಸರು ಕೈ ಇಳಿಸಿದರು. ಗುದ್ದುವುದಕ್ಕೆ ಬೆನ್ನೇ ಬಂದಿರಲಿಲ್ಲ.

ಪಕ್ಕದ ಮನೆಯ ಹುಲಿಗೇಶ್ ಆಟೊ ಆಫ್ ಮಾಡಿ ಬಾಗಿಲಲ್ಲೇ ನಿಂತ. ಹಿಂದಿನ ಸೀಟಿನಲ್ಲಿ ಸಂಡೂರಿನ ಕೆಂಪು ಧೂಳು ಮಾತ್ರ ಕೂತು ಬಂದಿತ್ತು.

"ಬೀಗ ಹಾಕ್ಯಾರ," ಅಂದ.

ಗಂಗೋತ್ರಿ ತಲೆ ಎತ್ತಲಿಲ್ಲ. ತೊಟ್ಟಿಲ ಹಗ್ಗ ಹಿಡಿದ ಕೈ ನಿಲ್ಲಲಿಲ್ಲ. ಇದು ಮೂರನೇ ಸಲ. ಮಗುವಿನ ಕಿವಿಯಲ್ಲಿ 'ಕುರ್ರ್' ಎಂದು ಹೆಸರು ಕರೆಯಬೇಕಾದವಳು ಸೋದರತ್ತೆ, ಅಂದರೆ ಅಪ್ಪನ ಒಡಹುಟ್ಟಿದವಳು. ಕರೆದ ಕೂಡಲೇ ಉಳಿದವರು ಅವಳ ಬೆನ್ನಿಗೆ ಗುದ್ದಿ ನಗಬೇಕು. ಆದರೆ ಗಂಗೋತ್ರಿಯ ಗಂಡ ಮಗು ಹುಟ್ಟುವ ಮೊದಲೇ ಬೇರೊಬ್ಬಳ ಜತೆ ಮನೆ ಮಾಡಿಕೊಂಡಿದ್ದ. ಸಂಡೂರಿನಲ್ಲಿದ್ದ ಅವನ ತಂಗಿ ಸುಧಾರಾಣಿ ಪ್ರತಿ ಸಲ ಫೋನಿನಲ್ಲಿ 'ಬರ್ತೀನಿ' ಅನ್ನುತ್ತಿದ್ದಳು. ಏಳು ತಿಂಗಳಾದರೂ ಮಗು ಇನ್ನೂ ಬರೀ 'ಕೂಸು'.

ಕಮಲಾಪುರದ ಆ ಪಡಸಾಲೆಯಲ್ಲಿ ಹೆಸರಿಡುವ ಶಾಸ್ತ್ರಕ್ಕೆ ಕುದಿಸಿದ ಗುಗ್ಗರಿ ಆರುತ್ತಿತ್ತು.

"ಹುಲಿಗೇಶನ ಅಕ್ಕ ಇಲ್ಲೇ ಅದಾಳಲ್ಲ," ಅಂದಳು ಮುದುಕಿ ಜಂಬವ್ವ. "ಹಂಪಕ್ಕಾ, ನೀನಾ ಕರೀಯವ್ವ. ಗುದ್ದಾಕ ನಿನ್ನ ಬೆನ್ನೂ ಭಾಳ ಅಗಲ ಐತಿ."

ಎಲ್ಲರೂ ನಕ್ಕರು. ಆಮೇಲೆ ಎಲ್ಲರೂ ಒಟ್ಟಿಗೇ ಸುಮ್ಮನಾದರು. ಹಂಪಕ್ಕ ಅತ್ತೆಯಾದರೆ ಅಪ್ಪ ಯಾರಾದ ಎಂಬುದು ಹೊಳೆಯಲು ಅಷ್ಟೇ ಹೊತ್ತು ಸಾಕಾಗಿತ್ತು. ಹುಲಿಗೇಶನ ಕಿವಿ ಕೆಂಪಾಯಿತು. ಗಂಗೋತ್ರಿ ಈಗ ತಲೆ ಎತ್ತಿ ಆ ಕಿವಿಯನ್ನೇ ನೋಡಿದಳು.

ಅವನು ಹಿತ್ತಿಲಿಗೆ ಹೋಗಿ, ಬಾಳೆಗಿಡಗಳ ಪಕ್ಕ ಮುಖ ತೊಳೆಯತೊಡಗಿದ. ಅವಳೂ ಬಂದಳು.

"ಗಲ್ಲದ ಮ್ಯಾಲ ಇನ್ನೂ ಐತಿ."

"ಏನು?"

"ಸಂಡೂರು."

ಅವನು ಇನ್ನೊಂದು ಗಲ್ಲ ಒರೆಸಿಕೊಂಡ. ಅವಳ ಬೆರಳು ಸರಿಯಾದ ಕಡೆಗೆ ಬಂತು, ಮುಟ್ಟುವುದಕ್ಕೆ ಒಂದು ಕಾಳಿನಷ್ಟು ಮೊದಲೇ ನಿಂತಿತು, ಹಿಂದೆ ಹೋಯಿತು. ಮುಟ್ಟಿದ್ದರೂ ಆ ಬೆರಳು ಅವನಿಗೆ ಇಷ್ಟು ತಟ್ಟುತ್ತಿರಲಿಲ್ಲ.

"ಹೆಸರು ಏನು ಆರಿಸೀರಿ?"

"ಅನ್ನಿಕಾ."

"ಯಾವ ದೇವ್ರು?"

"ದೇವ್ರಲ್ಲ, ಸ್ವೀಡನ್."

ಹಂಪಿಯ ಗೆಸ್ಟ್ ಹೌಸಿನಲ್ಲಿ ಅವಳು ನೋಡಿಕೊಳ್ಳುತ್ತಿದ್ದ ರಿಜಿಸ್ಟರಿನಲ್ಲಿ ಒಬ್ಬಾಕೆ ಬರೆದ ಹೆಸರದು. ಅರ್ಥವನ್ನೂ ಅವಳು ಆಕೆಯಿಂದಲೇ ಕೇಳಿ ತಿಳಿದಿದ್ದಳು.

"ಮೂಲ ಹೀಬ್ರೂ ಅಂತ್ರಿ. ಅಲ್ಲಿ ಹನ್ನಾ. ದೇಶ ದಾಟಿ ದಾಟಿ ಅನ್ನಾ ಆತು. ಸ್ವೀಡನ್ನಿನಾಗ ಮುದ್ದು ಮಾಡಿ ಅನ್ನಿಕಾ ಅಂದ್ರು."

"ನನ್ನ ಆಟೊಕ್ಕಿಂತ ಜಾಸ್ತಿ ತಿರುಗೈತಿ."

ಅವಳು ನಕ್ಕಳು. ಎಷ್ಟೋ ದಿನ ಮಡಿಸಿಟ್ಟಿದ್ದ ಸೀರೆಯ ಹಾಗಿತ್ತು ಆ ನಗು, ಗೆರೆ ಗೆರೆಯಾಗಿ.

"ಅರ್ಥ?"

"ಕೃಪೆ. ಕೇಳದಂಗ ಕೊಡೋದು. ಕೊಟ್ಟಮ್ಯಾಲ ತಿರುಗಿ ಕೇಳದಂಗ ಇರೋದು."

"ಅದಕ್ಕಾ ಇಷ್ಟ ಆತೇನು?"

"ಅರ್ಥ ಆಮ್ಯಾಲ. ನಮ್ಮೂರಾಗ ಈ ಹೆಸರು ಹಿಡಿದು ಇನ್ನೂ ಯಾರೂ ಯಾರನ್ನೂ ಬೈದಿಲ್ಲ. ನನ್ನ ಹೆಸರು ಯಾರಾರ ಕೂಗಿದ್ರ ನನಗ ಈಗ ಸುಸ್ತಾಗ್ತೈತಿ. ಕೂಸಿಗರ ಹೊಸಾದು ಇರ್ಲಿ."

ಹುಲಿಗೇಶ್ ಬಾಳೆ ಎಲೆಯ ಕಡೆ ತಿರುಗಿ ಮೆಲ್ಲಗೆ "ಅನ್ನಿಕಾ" ಅಂದ. ಚೆನ್ನಾಗಿತ್ತು. ಹೇಳಿ ಮುಗಿಸಿದ ಮೇಲೂ ಬಾಯಿ ತೆರೆದೇ ಇರುತ್ತಿತ್ತು.

"ಹೆರಿಗಿಗೆ ಹೊಸಪೇಟಿಗೆ ಒಯ್ದೋರು ನೀವು," ಗಂಗೋತ್ರಿ ಅಂದಳು. "ಲಸಿಕಿ ಹಾಕ್ಸಾಕ ನೀವು. ಸಂಡೂರಿಗೆ ಮೂರು ಸಲ ನೀವು. ಹಂಪಕ್ಕನಾ ಕರೀಲಿ ಬಿಡ್ರಿ."

ಏಳು ತಿಂಗಳಿಂದ ಈ ಮಾತನ್ನು ಅವನು ಮನಸ್ಸಿನಲ್ಲಿ ಅವಳ ಬಾಯಿಂದ ಆಡಿಸಿದ್ದ, ಒಬ್ಬನೇ ಆಟೊ ಓಡಿಸುವಾಗ. ಅಲ್ಲೆಲ್ಲ ಅವಳು ಅವನನ್ನು ನೋಡುತ್ತಾ ಹೇಳುತ್ತಿದ್ದಳು. ಈಗ ನೆಲ ನೋಡುತ್ತಿದ್ದಳು.

"ನಿಮಗ ನಾ ಬೇಕೇನ್ರಿ?"

"ನೀವು ಒಳ್ಳೇರು."

"ಅದನ್ನ ಕೇಳ್ಲಿಲ್ಲ."

"ಸಾಕಾಗೈತಿ ಹುಲಿಗೇಶ್. ಇನ್ನೊಂದು ಸಲ ಗುಗ್ಗರಿ ಕುದಿಸೋ ಶಕ್ತಿ ಇಲ್ಲ ನನಗ. ನೀವು ಇಷ್ಟೆಲ್ಲ ಮಾಡೀರಿ. ನಾ ಇಷ್ಟರ ಮಾಡ್ದಿದ್ರ ಹೆಂಗ?"

ಒಳಗಿನಿಂದ ಜಂಬವ್ವ ಕೂಗಿದಳು: "ಅತ್ತಿ ಸಿಕ್ಕಳೇನಬೇ? ಕೈ ಕಡೀತಾವು ನಮಗ!"

ಹಂಪಕ್ಕ ಹಿತ್ತಿಲ ಬಾಗಿಲಿಗೆ ಬಂದಳು. ಸೆರಗು ಆಗಲೇ ಸೊಂಟಕ್ಕೆ ಸಿಕ್ಕಿಸಿದ್ದಳು. ಕಣ್ಣು ಹೊಳೆಯುತ್ತಿದ್ದವು.

"ಕರೀಲೇನೋ ತಮ್ಮಾ?"

ಗಂಗೋತ್ರಿ ಕೈ ಚಾಚಿದಳು, ಮೊದಲ ಸಲ. ಅಂಗೈಯಲ್ಲಿ ತೊಟ್ಟಿಲ ಹಗ್ಗದ ಗುರುತು ಇನ್ನೂ ಹಸಿಯಾಗಿತ್ತು. ಹುಲಿಗೇಶ್ ಆ ಗುರುತನ್ನು ಈ ತುದಿಯಿಂದ ಆ ತುದಿಯವರೆಗೆ ನೋಡಿದ. ತನ್ನ ಒದ್ದೆ ಕೈ ಅಂಗಿಗೆ ಒರೆಸಿಕೊಂಡ, ಜೇಬಿನಲ್ಲಿಟ್ಟುಕೊಂಡ.

"ಇದು ತಿರುಗಿ ಕೊಟ್ಟಂಗಾತ್ರಿ," ಅಂದ. "ನನಗ ಬ್ಯಾಡ."