ಇಳಿಸದ ಸೊಲ್ಲು

"ಸೊಲ್ಲು ಹಿಡೀಬ್ಯಾಡ್ರಿ ಸಾವಕಾರ್ರ. ಹಿಡದ್ರ ಇಳಿಸೋತನಕ ಏಳಬ್ಯಾಡ್ರಿ. ಏರಿಸಿದವರ ಬಾಯಾಗಿಂದನ ಇಳೀಬೇಕದು," ಎಂದ ಮುದುಕ ಖಂಡಪ್ಪ, ಡೊಳ್ಳಿನ ಹಗ್ಗ ಬಿಗಿಯುತ್ತ.

ಶಂಕರೆಪ್ಪ ನಕ್ಕುಬಿಟ್ಟ. ಸೊಲ್ಲಾಪುರದ ನವಿ ಪೇಠದಲ್ಲಿ ಅವನದು ಕಂಬಳಿ ಅಂಗಡಿ. ದುಧನಿಯ ಈ ಕುರಿಹಟ್ಟಿಗೆ ಉಣ್ಣೆ ಕೊಳ್ಳಲು ಅಪ್ಪ ಬರುತ್ತಿದ್ದ. ಅಪ್ಪ ತೀರಿಕೊಂಡ ಮೇಲೆ ಮಗ ಬಂದದ್ದು ಇದೇ ಮೊದಲು. ಪುಣೆಯಲ್ಲಿ ನಾಲ್ಕಕ್ಷರ ಕಲಿತವನಿಗೆ ಡೊಳ್ಳೆಂದರೆ ಬರೀ ಗದ್ದಲ.

"ಹಿಡದ್ರ ಏನಾಗ್ತೈತಿ ಮುತ್ಯಾ? ಸೂರ್ಯ ನಿಲ್ತಾನೇನು?"

"ನಿಲ್ತಾನ್ರಿ." ಖಂಡಪ್ಪ ನಗಲಿಲ್ಲ. "ಮನ್ಯಾಗ ದಿನ ತುಂಬಿದ ಬಸುರಿ ಅದಾರ ಅಂದ್ರಿ. ಅದಕ್ಕ ಹೇಳಾಕತ್ತೀನಿ."

ಆ ಹಟ್ಟಿಯ ಪದ್ಧತಿಯೇ ಹಾಗೆ. ಕುರಿಗಾರರ ದೇವರು ಬೀರೋಬನ ಹೆಸರಿನಲ್ಲಿ ಕತ್ತರಿ ಹಾಕಿದ ದಿನ ಕೊನೆಯ ಕುರಿಯ ಉಣ್ಣೆಯೂ ಇಳಿಯಬೇಕು. ಅರ್ಧ ಕತ್ತರಿಸಿದ ಹಿಂಡು ಇರುಳು ಕಾಣಬಾರದು. ಅದಕ್ಕೆಂದೇ ಹೊತ್ತನ್ನು ಹಿಡಿದು ನಿಲ್ಲಿಸುವ ಹಾಡು. ಖಂಡಪ್ಪ ನುಡಿ ಎತ್ತುತ್ತಿದ್ದ, ಉಳಿದವರು ಪಲ್ಲವಿಯ ಸೊಲ್ಲು ಹಿಡಿಯುತ್ತಿದ್ದರು.

"ನಿಲ್ಲೋ ನಿಲ್ಲೋ ನನ್ನಪ್ಪಾ, ನೆತ್ತಿ ಬಿಟ್ಟು ಇಳೀಬ್ಯಾಡ..."

ಶಂಕರೆಪ್ಪ ಬೇಕೆಂದೇ ಎಲ್ಲರಿಗಿಂತ ಗಟ್ಟಿಯಾಗಿ, ಮುದುಕನ ಧಾಟಿಯನ್ನು ಅಣಕಿಸುತ್ತ ಹಾಡಿದ. ಹಸಿ ಉಣ್ಣೆಯ ಜಿಡ್ಡು ವಾಸನೆ, ಹಿಕ್ಕೆಯ ಘಾಟು, ಗಾಳಿಯಲ್ಲಿ ಭಂಡಾರದ ಅರಿಶಿನ. ಉಣ್ಣೆಯ ಗುಡ್ಡೆ ಬೆಳೆಯಿತು, ಬೇವಿನ ಮರದ ನೆರಳು ಮಾತ್ರ ಬುಡ ಬಿಟ್ಟು ಅಲುಗಲಿಲ್ಲ. ಅವನ ಕೈಗಡಿಯಾರವೂ ನಿಂತಿತ್ತು. ಕೀಲಿ ಕೊಡಲು ಮರೆತೆನೇನೋ ಎಂದುಕೊಂಡ.

ಕೊನೆಯ ಕುರಿ ಎದ್ದು ಓಡಿತು. ಹಿಡಿದ ಹೊತ್ತನ್ನು ಬಿಟ್ಟು ಸೊಲ್ಲು ಇಳಿಸಲು ಎಲ್ಲರೂ ಅಂಗೈಯಲ್ಲಿ ಭಂಡಾರ ಹಿಡಿದರು. ಶಂಕರೆಪ್ಪನಿಗೆ ರೈಲಿನ ನೆನಪಾಯಿತು. ಧೋತರ ಕೊಡವಿ ನಡೆದೇಬಿಟ್ಟ.

"ಸಾವಕಾರ್ರ! ಇಳಿಸಿ ಹೋಗ್ರಿ!"

ಅವನು ತಿರುಗಿಯೂ ನೋಡದೆ ಕೈ ಬೀಸಿದ. ಸ್ಟೇಷನ್ ಮುಟ್ಟುವಷ್ಟರಲ್ಲಿ ಒಮ್ಮೆಲೇ ಸಂಜೆಯಾಗಿತ್ತು. ರೈಲಿನುದ್ದಕ್ಕೂ ಆ ಸೊಲ್ಲು ತುಟಿ ಬಿಟ್ಟು ಹೋಗಲಿಲ್ಲ.

ನವಿ ಪೇಠದಲ್ಲಿ ದೀಪ ಹಚ್ಚಿದ್ದರು. ಮನೆಯೊಳಗಿಂದ ಹೆಂಡತಿ ಗಿರಿಜಾಬಾಯಿಯ ಚೀರಾಟ ಬೀದಿಗೆ ಕೇಳುತ್ತಿತ್ತು. ಬಾಣಂತಿ ಕೋಣೆಯ ಬಾಗಿಲು ತಳ್ಳಿದವನು ಹೊಸ್ತಿಲಲ್ಲೇ ನಿಂತ. ಕಿಟಕಿಯ ಆಚೆ ಕತ್ತಲು. ಒಳಗೆ ಗೋಡೆಯ ಮೇಲೆ ನಡುಮಧ್ಯಾಹ್ನದ ಬಿಸಿಲು.

"ಮಧ್ಯಾನ್ನ ಬ್ಯಾನಿ ಸುರು ಆದುವ್ರಿ," ಎಂದಳು ಸೂಲಗಿತ್ತಿ ಸುಗಲಾಬಾಯಿ. ಅವಳ ದನಿ ಒಣಗಿತ್ತು. "ತಲಿ ಕಾಣಾಕತ್ತೈತಿ. ಮುಂದ ಬರವಲ್ದು, ಹಿಂದ ಹೋಗವಲ್ದು. ಈ ಬಿಸಲ ನೋಡ್ರಿ, ಇದೂ ಹೋಗವಲ್ದು."

ಮರುದಿನವೂ ಅದೇ ಬಿಸಿಲು. ಕರೆತಂದ ಡಾಕ್ಟರು ಒಳಗೆ ಕಾಲಿಟ್ಟವರು ಬೆವರುತ್ತ ಹೊರಬಿದ್ದರು. ಗಿರಿಜಾ ಸಾಯುತ್ತಲೂ ಇರಲಿಲ್ಲ, ಹೆರುತ್ತಲೂ ಇರಲಿಲ್ಲ. ಒಂದೇ ನೋವಿನ ತುದಿಯಲ್ಲಿ ತೂಗುತ್ತಿದ್ದಳು. ಶಂಕರೆಪ್ಪ ಬಾಗಿಲ ಹೊರಗೆ ಶತಪಥ ತಿರುಗಿದ. ಹಲ್ಲು ಕಚ್ಚಿದರೂ ಸೊಲ್ಲು ಮೂಗಿನಿಂದ ಗುನುಗುತ್ತಿತ್ತು.

"ಹಾಡಬ್ಯಾಡ್ರಿ," ಎಂದಳು ಸುಗಲಾಬಾಯಿ. "ನೀವು ಗುನುಗಿದಾಗೊಮ್ಮಿ ಹೊಟ್ಟ್ಯಾಗ ಕೂಸು ಡೊಳ್ಳು ಬಡದಂಗ ಅದರತೈತಿ."

ತಾನು ಇಳಿಸದೆ ಬಂದ ಸೊಲ್ಲೇ ಇದೆಂದು ಆಗ ಅವನಿಗೆ ಗೊತ್ತಾಯಿತು. ಅಕ್ಕಲಕೋಟದ ಬಸ್ಸು ಹಿಡಿದು, ಅಲ್ಲಿಂದ ಇನ್ನೊಂದು ಬಸ್ಸು ಹಿಡಿದು ದುಧನಿಗೆ ಓಡಿದ. ಖಂಡಪ್ಪನ ಕಾಲಿಗೆ ಬಿದ್ದು ಮಗುವಿನ ಹಾಗೆ ಅತ್ತ.

"ನೀನ ಬಂದು ಇಳಿಸಪಾ ಮುತ್ಯಾ."

"ನನ್ನ ಕೈಯಾಗಿಲ್ರಿ. ನಾ ಏರಿಸಿದ್ದು ನಾ ಇಳಿಸೀನಿ. ನಿಮ್ದು ನಿಮ್ಮ ಬೆನ್ನ ಹಿಂದ ಮನಿಗೆ ಹೋಗೈತಿ." ಮುದುಕ ಇಳಿಸುವ ಸೊಲ್ಲು ಕಲಿಸಿದ. ಅಂಗೈಗೆ ಭಂಡಾರ ಹಾಕಿ ಕೇಳಿದ: "ನಿಮ್ಮ ಸೊಲ್ಲು ಕೇಳಿ ಮನ್ಯಾಗ ಬ್ಯಾರೆ ಯಾರರ ಹಿಡದಿಲ್ಲಲ್ಲ?"

"ಯಾರೂ ಇಲ್ಲ," ಎಂದ ಶಂಕರೆಪ್ಪ.

ಮನೆಗೆ ಬಂದವನೇ ಗಿರಿಜಾಳ ತಲೆದೆಸೆಯಲ್ಲಿ ಕುಳಿತ. ರಕ್ತದ ವಾಸನೆ, ಎಣ್ಣೆಯ ವಾಸನೆ. ಹಣೆಗೆ ಭಂಡಾರ ಬಳಿದುಕೊಂಡ.

"ಇಳಿಯೋ ಇಳಿಯೋ ನನ್ನಪ್ಪಾ, ಬುತ್ತಿ ಕಾದೈತಿ ಮನಿಯಾಗ..."

ಗೋಡೆಯ ಬಿಸಿಲು ಅಲುಗಿತು. ಕೆಳಗೆ ಸರಿಯಿತು. ಕೆಂಪಾಯಿತು. ಗಿರಿಜಾ ಒಮ್ಮೆ ಚೀರಿದಳು.

"ಬಂತ್ರಿ! ಹೆಣ್ಣುಕೂಸು!" ಸುಗಲಾಬಾಯಿ ಅತ್ತೇಬಿಟ್ಟಳು. ಹೊಕ್ಕುಳಬಳ್ಳಿಗೆ ಕತ್ತರಿ ಇಟ್ಟಳು.

ಶಂಕರೆಪ್ಪನ ತುಟಿಯಿಂದ ಸೊಲ್ಲು ಹೋಗಿತ್ತು. ಎಷ್ಟು ಹಗುರ. ದೇವರೇ, ಎಷ್ಟು ಹಗುರ.

ಕೂಸು ಅಳಲಿಲ್ಲ.

ಕಣ್ಣು ಬಿಟ್ಟಿತು. ಬಾಯಿ ತೆರೆಯಿತು. ಮಾತಿಲ್ಲದ, ಸಣ್ಣ, ಸ್ಪಷ್ಟ ಗುನುಗು. ನಿಲ್ಲೋ ನಿಲ್ಲೋ ಧಾಟಿ. ಹೊಟ್ಟೆಯೊಳಗೆ ಕೇಳಿ ಕಲಿತ ಧಾಟಿ.

ಗೋಡೆಯ ಕೆಂಪು ನಿಂತಿತು. ಕತ್ತರಿ ಮುಚ್ಚಲಿಲ್ಲ. ಸುಗಲಾಬಾಯಿ ಎರಡೂ ಕೈಯಿಂದ ಅದುಮಿದಳು. ಮುಚ್ಚಲಿಲ್ಲ. ಗಿರಿಜಾ ಒಳಗೆಳೆದ ಉಸಿರು ಒಳಗೇ ಉಳಿಯಿತು. ಅವಳ ಕಣ್ಣು ಗಂಡನನ್ನೇ ನೋಡುತ್ತಿತ್ತು. ಆ ಕಣ್ಣಿಗೆ ಎಲ್ಲ ತಿಳಿಯುತ್ತಿತ್ತು.

ಶಂಕರೆಪ್ಪ ಮತ್ತೆ ಹಾಡಿದ. ಕೂಗಿ ಹಾಡಿದ. ಕೆಂಪು ಕದಲಲಿಲ್ಲ. ಅವನದು ಇಳಿದಾಗಿತ್ತು, ಇದು ಮಗಳದು.

ಅವನು ಕೂಸಿನ ಹಣೆಗೆ ಭಂಡಾರ ಹಚ್ಚಿದ. ಕಿವಿಗೆ ಬಾಯಿಟ್ಟು, "ಇಳಿಯೋ ಅನ್ನವ್ವಾ... ಇಳಿಯೋ ಅನ್ನು," ಎಂದು ಕಲಿಸತೊಡಗಿದ. ಮಾತು ಬರುವಷ್ಟು ದೊಡ್ಡವಳಾದರೆ ಮಗಳು ಖಂಡಿತ ಹಾಡುತ್ತಿದ್ದಳು. ಆದರೆ ಆ ಕೋಣೆಯಲ್ಲಿ ಇನ್ನು ಯಾರೂ ದೊಡ್ಡವರಾಗುವಂತಿರಲಿಲ್ಲ.