ಕೈಗಳಷ್ಟೇ ಕಂಡ ಸಿನಿಮಾ

"ಮೊದ್ಲು ಕ್ಯಾಮೆರಾ ಇಳಸ್ರಿ!"

ಬಳ್ಳಾರಿಯ ಕೌಲ್ ಬಜಾರಿನ ಜೀನ್ಸ್ ಹೊಲಿಯುವ ಶೆಡ್ಡಿನಲ್ಲಿ ಮಷಿನ್‌ಗಳೆಲ್ಲ ಒಮ್ಮೆಲೇ ನಿಂತವು. ವಿಜಯಲಕ್ಷ್ಮಿಯ ಕಣ್ಣು ಕೆಂಡವಾಗಿತ್ತು.

ಕೇಳದೆ ಅವಳತ್ತ ಕ್ಯಾಮೆರಾ ಹಿಡಿದಿದ್ದ ಸಿರುಗುಪ್ಪದ ಅಮರೇಶ್ ಬೆವರಿದ. "ತಪ್ಪಾತ್ರಿ... ಬಳ್ಳಾರಿ ಮ್ಯಾಲೆ ಸಿನಿಮಾ ಮಾಡಾಕತ್ತೀನಿ. ಕಥಿ ಇಲ್ಲ, ಹೀರೋ ಇಲ್ಲ. ಬಿಳ್ಯಾರು ಬಿಟ್ಟುಹೋದ ಬಂಗ್ಲೆ, ನಿಮ್ಮ ಮಷಿನ್ ಸದ್ದು... ಅಷ್ಟ."

ಫೋನಿನಲ್ಲಿ ಒಂದು ಹಳೆಯ ಫೋಟೊ ತೋರಿಸಿದ. ಬಿಳಿಯರ ಸಿಪಾಯಿಗಳಿಗೆ ಬಟ್ಟೆ ಹೊಲಿಯುತ್ತಿದ್ದ ದರ್ಜಿಗಳು ಸಾಲಾಗಿ ಕೂತಿದ್ದರು. ಕೆಳಗೆ ಒಬ್ಬರ ಹೆಸರೂ ಇಲ್ಲ.

"ಇವ್ರನ್ನ ಕೇಳಿ ತಗದಿದ್ರೇನು?" ಅಂದಳು ಅವಳು. "ನನ್ನ ಕೈ ತಗೀರಿ. ಮುಖ, ಹೆಸರು ಬ್ಯಾಡ."

ಅಂದಿನಿಂದ ಅವನು ಕೇಳದೆ ಯಾರತ್ತಲೂ ಕ್ಯಾಮೆರಾ ಎತ್ತಲಿಲ್ಲ. ಎಲ್ಲರಿಗೂ ಚಹಾ ತಂದ. ದಾರ ಪೋಣಿಸಲು ಹೋಗಿ ಸೂಜಿ ಚುಚ್ಚಿಕೊಂಡು ಅವಳನ್ನು ನಗಿಸಿದ. ಅವನು ಬರದ ದಿನ ವಿಜಯಲಕ್ಷ್ಮಿಯ ಹೊಲಿಗೆ ಸೊಟ್ಟಗಾಗುತ್ತಿತ್ತು!

ಕುರುಗೋಡಿನ ಶಾಲೆಯೊಂದರಲ್ಲಿ ಸಿನಿಮಾ ತೋರಿಸಿದ ಸಂಜೆ ಅವಳು ಹೊಸ ಸೀರೆ ಉಟ್ಟಿದ್ದಳು. ಬಿರುಕು ಬಿಟ್ಟ ಬಂಗಲೆಗಳು ಕಂಡವು. ಅವುಗಳ ಮೇಲೆ ಮಷಿನ್‌ಗಳ ಸದ್ದು. ಕೊನೆಗೆ ಶೆಡ್ಡಿನ ಒಬ್ಬೊಬ್ಬರ ಮುಖವೂ ಬಂತು, ಒಬ್ಬೊಬ್ಬರೂ ತಮ್ಮ ಹೆಸರು ಹೇಳಿದರು. ಅವಳ ಸರದಿಗೆ ಬರೀ ಕೈಗಳು... ಮೌನ.

ಜೊತೆಗೆ ಹೊಲಿಯುವ ಮಂಜಮ್ಮ ತಿವಿದಳು. "ಏನ್ ಲೇ ವಿಜಿ, ನಿಮ್ಮಾತ ಕೈ ಹಿಡದು ಮುಖ ಮರತಾನ!"

'ನನ್ನ ತೋರ್ಸಾಕ ನಾಚಿಕಿ ಏನು ಇವರಿಗೆ?' ಕಣ್ಣು ತುಂಬಿ ಬಂತು. ಎದ್ದು ಬಸ್ ಸ್ಟ್ಯಾಂಡಿಗೆ ನಡೆದೇಬಿಟ್ಟಳು.

ಅಮರೇಶ್ ಓಡಿ ಬಂದ. "ಯಾಕ್ರಿ ಹೊಂಟ್ರಿ?"

"ಎಲ್ಲಾರ ಮುಖ ಐತಿ. ನಂದು?"

"ನೀವ ಬ್ಯಾಡ ಅಂದಿದ್ರಲ್ರಿ!"

"ಅವತ್ತ ನೀವು ಯಾರೋ ಆಗಿದ್ರಿ! ಇವತ್ತೂ ಯಾರೋ ಏನ್ರಿ?"

"ಇನ್ನೊಮ್ಮೆ ಕೇಳಾಕ ಅಂಜಿಕಿ ಆತ್ರಿ. ಬಾಯಿ ಬಿಟ್ರ ಸಿನಿಮಾದ ಮಾತಿಗೇ ನಿಲ್ತಿರಲಿಲ್ಲ ನಾನು... ನೀವು ಬ್ಯಾಡ ಅಂದ್ರ? ಅದಕ್ಕ ನಿಮ್ಮ ಜಾಗ ಹಂಗ ಖಾಲಿ ಬಿಟ್ಟೆ."

"ಬಳ್ಳಾರಿ, ಬಳ್ಳಾರಿ!" ಕಂಡಕ್ಟರ್ ಕೂಗಿದ. ಬಸ್ಸು ಹೊರಟಿತು. ಅವಳು ಹತ್ತಲಿಲ್ಲ.

"ಈಗ ಕೇಳ್ರಿ."

"ನಿಮ್ಮ ಮುಖ ತಗೀಲೇನ್ರಿ?"

"ಹ್ಞೂಂ."

"ಮತ್ತ... ಇನ್ನೊಂದು..."

"ಅದಕ್ಕೂ ಹ್ಞೂಂ!"

ಅವನು ಕ್ಯಾಮೆರಾ ಎತ್ತಿದ. "ಹೆಸರು ಹೇಳ್ರಿ."

"ಮೊದ್ಲು ಕ್ಯಾಮೆರಾ ಇಳಸ್ರಿ."

ಅವನು ಗಾಬರಿಯಾದ. "ಯಾಕ್ರಿ?"

ಅವಳು ಒದ್ದೆ ಕಣ್ಣಲ್ಲೇ ನಕ್ಕಳು. "ನಿಮ್ಮ ಮುಖ ನಾ ನೋಡಬ್ಯಾಡೇನ್ರಿ?"