ಕಮ್ಮಿ ಸಂಬಳಕ್ಕೆ ಒಪ್ಪಿದವನು

ಗೋಪಾಲಪ್ಪ ಬೆಂಗಳೂರಿನ ರೇಷ್ಮೆ ಕಚೇರಿಯಿಂದ ಕುಂದಾಣಕ್ಕೆ ವರ್ಗವಾಗಿ ಬಂದ, ಅದೂ ಕಮ್ಮಿ ಸಂಬಳಕ್ಕೆ. ಊರಿಗೆ ಅಷ್ಟು ಸಾಕಾಯಿತು.

"ಸುಮ್‌ಸುಮ್ನೆ ಸಂಬಳ ಇಳಿಸ್ತಾರಾ? ಸರ್ಕಾರದ ದುಡ್ಡಿಗೆ ಕೈ ಹಾಕಿರ್ತಾನೆ ಬಿಡ್ರಲಾ," ಎಂದ ಪಿಳ್ಳಣ್ಣ. ಬೆಂಕಿಯಿಲ್ಲದೆ ಹೊಗೆಯಾಡುವುದಿಲ್ಲ ಎಂದು ಉಳಿದವರೂ ತಲೆಯಾಡಿಸಿದರು.

ಭಾಗ್ಯಮ್ಮನಿಗೆ ಮಾತ್ರ ಆ ಮಾತು ಮುಳ್ಳಿನಂತೆ ಚುಚ್ಚಿತು. ಹಿಂದಿನ ವರ್ಷ ಇದೇ ಗೋಪಾಲಪ್ಪ ಅವಳ ಮನೆಗೆ ಹೆಣ್ಣು ನೋಡಲು ಬಂದಿದ್ದ. "ಅಮ್ಮಂಗೆ ಕಣ್ಣು ಕಾಣಲ್ಲ. ಅವಳನ್ನ ಬಿಟ್ಟು ನಾನು ಬೆಂಗಳೂರಿಗೆ ಬರಲ್ಲ," ಎಂದು ಅವಳು ಎದುರಿಗೇ ಹೇಳಿದ್ದಳು. ಅವನು ಎದ್ದು ಹೊರಟಿದ್ದ. ಹೊಸಿಲು ದಾಟುವಾಗ ಒಮ್ಮೆ ತಿರುಗಿ ನೋಡಿದ್ದ. ಆ ನೋಟ ಅವಳನ್ನು ವರ್ಷವಿಡೀ ಕಾಡಿತ್ತು.

ಎರಡನೇ ಮಹಾಯುದ್ಧದ ಕಾಲ, ಪ್ಯಾರಾಚೂಟಿಗೆ ರೇಷ್ಮೆ ಬೇಕಿತ್ತು. ಹುಳು ಸಾಕುವ ಮನೆಗಳನ್ನು ನೋಡಿಕೊಂಡು ಬರುವುದೇ ಅವನ ಹೊಸ ಕೆಲಸ. ಭಾಗ್ಯಮ್ಮನ ಮನೆಗೂ ಬರುತ್ತಿದ್ದ. ಷರಟಿಗೆ ತೇಪೆ ಬಿದ್ದಿದ್ದರೂ ತಲೆಗೆ ವಾಸನೆ ಎಣ್ಣೆ ತಪ್ಪಿರಲಿಲ್ಲ.

"ಅಲ್ಲೇ ನಿಂತ್ಕೊಳ್ಳಿ! ಎಣ್ಣೆ ವಾಸನೆ ಹುಳಕ್ಕಾಗಲ್ಲ. ರೇಷ್ಮೆ ಕಚೇರಿಯೋರಿಗೆ ಅಷ್ಟೂ ಗೊತ್ತಿಲ್ವಾ?" ಎಂದು ಒಂದು ದಿನ ಭಾಗ್ಯಮ್ಮ ಬಾಗಿಲಲ್ಲೇ ತಡೆದಳು.

"ಗೊತ್ತು. ಹುಳ ನೋಡೋಕೆ ಬರೋವಾಗ ಹಚ್ಕೊಳ್ಳಲ್ಲ. ಇವತ್ತು ಹುಳ ನೋಡೋಕೆ ಬಂದಿಲ್ಲ."

ಭಾಗ್ಯಮ್ಮ ಸೆರಗು ಬಾಯಿಗಿಟ್ಟುಕೊಂಡು ಸೊಪ್ಪಿನ ಬುಟ್ಟಿಯ ಕಡೆ ತಿರುಗಿದಳು. ಕಿವಿ ಬಿಸಿಯಾಗಿತ್ತು.

"ಜನ ಏನೇನೋ ಅಂತಾರೆ," ಎಂದಳು ಆಮೇಲೆ. "ಸಂಬಳ ಯಾಕೆ ಇಳಿಸಿದ್ರು?"

"ಅನ್ನೋರ ಬಾಯಿಗೆ ಬೀಗ ಹಾಕೋಕಾಗ್ತದಾ? ಬಿಡಿ," ಎಂದು ಹೊರಟೇಬಿಟ್ಟ.

ಅವಳಿಗೆ ಸಿಟ್ಟು ಬಂತು. ಆದರೂ ಮರುದಿನ ಅವನ ಹಾದಿ ನೋಡಿದಳು.

ಕೆಲವು ವಾರಗಳಾದ ಮೇಲೆ ಹುಳುಗಳು ಕೊನೆಯ ಜ್ವರಕ್ಕೆ ಕೂತಿದ್ದವು. ಪೊರೆ ಕಳಚುವ ಹೊತ್ತು ಅದು. ಸೊಪ್ಪು ಹಾಕುವಂತಿಲ್ಲ, ಹೊರಗಿನವರು ಒಳಗೆ ಕಾಲಿಡುವಂತಿಲ್ಲ. ಬೆಂಗಳೂರಿನ ಸಾಹೇಬರು ಸಿಗರೇಟು ಹಿಡಿದು ಗೋಪಾಲಪ್ಪನ ಜೊತೆ ಬರುವುದನ್ನು ಕಂಡು ಭಾಗ್ಯಮ್ಮ ಬಾಗಿಲು ಮುಚ್ಚಿದಳು. ಸಾಹೇಬರು ಜಗಲಿಯಲ್ಲೇ ಮಾತಿಗೆ ನಿಂತರು.

"ಕಮ್ಮಿ ಸಂಬಳಕ್ಕೆ ಒಪ್ಪಿಗೆ ಅಂತ ನೀನೇ ರುಜು ಹಾಕಿ ಈ ಊರು ಕೇಳ್ಕೊಂಡೆ. ಏನು ಹುಚ್ಚು ನಿಂಗೆ? ಹಳೇ ಜಾಗ ಇನ್ನೂ ಖಾಲಿ ಇದೆ. ಬರೋದಾದ್ರೆ ಇವತ್ತೇ ಹೇಳು."

"ಸಂಜೆ ಹೇಳ್ತೀನಿ ಸಾರ್," ಎಂದ ಗೋಪಾಲಪ್ಪ.

ಬಾಗಿಲ ಹಿಂದೆ ಭಾಗ್ಯಮ್ಮನಿಗೆ ಎಲ್ಲಾ ಕೇಳಿಸಿತು. ಸಾಹೇಬರು ಮುಂದಿನ ಮನೆಗೆ ಹೋದದ್ದೇ ತಡ, ಹೊರಗೆ ಬಂದಳು.

"ಯಾರೂ ಇಳಿಸ್ಲಿಲ್ಲ. ನೀವೇ ಒಪ್ಕೊಂಡು ಬಂದ್ರಿ."

"ಹೂಂ."

"ಊರೆಲ್ಲಾ ಕಳ್ಳ ಅಂದ್ರೂ ಬಾಯಿ ಬಿಡ್ಲಿಲ್ವಲ್ಲ!"

ಗೋಪಾಲಪ್ಪ ನೆಲ ನೋಡಿದ. "ನಿಮಗೋಸ್ಕರ ಬಂದೆ ಅಂದ್ರೆ, ಮನಸ್ಸಿಲ್ದಿದ್ರೂ ಋಣಕ್ಕೆ ಕಟ್ಟುಬಿದ್ದು ಒಪ್ಕೊಂಡ್ಬಿಡ್ತೀರೇನೋ ಅಂತ ಭಯ. ನಿಮಗೇ ನನ್ನ ಮೇಲೆ ಮನಸ್ಸಾಗ್ಲಿ ಅಂತ ಕಾಯ್ತಿದ್ದೆ. ಈಗ ಎಲ್ಲಾ ಗೊತ್ತಾಗೋಯ್ತು. ಇನ್ನು ನೀವು ಒಪ್ಪಿದ್ರೂ ಅದು ಪ್ರೀತಿಯೋ ಕನಿಕರವೋ ನಂಗೆ ತಿಳಿಯಲ್ಲ. ವಾಪಸ್ ಹೋಗೋದೇ ವಾಸಿ."

ಭಾಗ್ಯಮ್ಮನ ಕಣ್ಣು ತುಂಬಿತು. ಈಗ ಏನು ಹೇಳಿದರೂ ಅವನು ನಂಬುವಂತಿರಲಿಲ್ಲ.

ಒಳಗಿನಿಂದ ಅವಳ ತಾಯಿ ಮುನಿತಾಯಮ್ಮ ಗದರಿದಳು.

"ಸಾಕು ಸುಮ್ನಿರಪ್ಪ! ಇವಳು ಹೋದ ಅಮಾಸೇಲೇ ನನ್ನ ಮುಂದೆ ಅತ್ಕೊಂಡು ಹೇಳವ್ಳೆ, 'ಅವರು ಕಳ್ಳರೇ ಆಗಿರ್ಲಿ ಕಣಮ್ಮ, ಮಾಡ್ಕೊಂಡ್ರೆ ಅವರನ್ನೇ' ಅಂತ."

ಗೋಪಾಲಪ್ಪ ತಲೆ ಎತ್ತಿದ. ಭಾಗ್ಯಮ್ಮ ನಾಚಿಕೆಯಿಂದ ಕಂಬದ ಮರೆಗೆ ಸರಿದಿದ್ದಳು.

"ನಿಜವಾಗ್ಲೂ ಕದ್ದಿದ್ರೆ?" ಎಂದ.

"ಚೆನ್ನಾಗಿ ಬೈತಿದ್ದೆ," ಎಂದಳು ಅವಳು, ಕಣ್ಣೊರೆಸಿಕೊಂಡು. "ಬೈದು, ನಿಮ್ಮನ್ನೇ ಮಾಡ್ಕೋತಿದ್ದೆ."